ಸುರ್ಯದ ಮಣ್ಣಿನ ಹರಕೆ

ಹರಕೆ ಎಂಬ ಮಾತಿಗೆ ಕನ್ನಡದಲ್ಲಿ ಎರಡು ಅರ್ಥಗಳುಂಟು. ಹಿರಿಯರು ಕಿರಿಯರ ತಲೆಯ ಮೇಲೆ ಕೈಯಿಟ್ಟು ಹರಸುವುದೂ ಹರಕೆಯೇ. ಕಷ್ಟಕಾಲದಲ್ಲಿ ಮನುಷ್ಯನು ದೇವರೆದುರು ಹೇಳಿಕೊಂಡು ಒಪ್ಪಿಸುವುದೂ ಹರಕೆಯೇ. ಮೇಲಿನಿಂದ ಇಳಿದು ಬರುವುದಕ್ಕೂ ಕೆಳಗಿನಿಂದ ಏರಿ ಹೋಗುವುದಕ್ಕೂ ನಮ್ಮ ಪೂರ್ವಿಕರು ಒಂದೇ ಮಾತನ್ನು ಸಾಕೆಂದುಕೊಂಡರು. ಹಳಗನ್ನಡದಲ್ಲಿ ಅದು ಪರಕೆ. ತುಳುವಿನಲ್ಲಿ ಈಗಲೂ ಪರಕೆ. ಈ ಮಾತಿನ ಎರಡನೆಯ ಅರ್ಥವನ್ನು ಕಣ್ಣಾರೆ ಕಾಣಬೇಕೆಂದಿರುವ ವಾಚಕರು ದಕ್ಷಿಣ ಕನ್ನಡ ಜಿಲ್ಲೆಯ ಬೆಳ್ತಂಗಡಿ ತಾಲ್ಲೂಕಿನ ಸುರ್ಯಕ್ಕೆ ಹೋಗಬೇಕು. ನಾವು ಹೋಗಿ ಬಂದ ವೃತ್ತಾಂತವನ್ನು ಇಲ್ಲಿ ಅರಿಕೆ ಮಾಡಿಕೊಳ್ಳುತ್ತಿದ್ದೇವೆ.

ಹೊರಡುವುದಕ್ಕೆ ಕಾರಣವಾದದ್ದು ಒಂದು ಕಟ್ಟುಕಥೆ. ಕಾಲೇಜಿನಲ್ಲಿ ಓದುತ್ತಿರುವ ನಮ್ಮ ಮಗಳು ಒಂದು ದಿನ ಊಟದ ಹೊತ್ತಿಗೆ ತಾನು ಓದಿದ ಕಥೆಯೊಂದನ್ನು ಹೇಳತೊಡಗಿದಳು. ಅದರಲ್ಲಿ ಒಂದು ಊರಿನ ಕುಶಲಕರ್ಮಿಗಳು ಜನರ ಮನಸ್ಸಿನೊಳಗಿನ ದುಃಖ, ಭಯ, ಆಸೆಗಳನ್ನು ಹೊರಗೆ ತೆಗೆದು, ಕೈಯಲ್ಲಿ ಹಿಡಿದು ನೋಡಬಹುದಾದ ವಸ್ತುಗಳನ್ನಾಗಿ ಮಾಡಿ ಕೊಡುತ್ತಾರಂತೆ. “ಅಂಥ ವಿದ್ಯೆ ನಿಜವಾಗಿಯೂ ಇದ್ದಿದ್ದರೆ ಎಷ್ಟು ಚೆನ್ನಾಗಿತ್ತು!” ಎಂದಳು. ಮೂಲೆಯಲ್ಲಿ ಅಕ್ಕಿ ಆರಿಸುತ್ತ ಕುಳಿತಿದ್ದ ದೊಡ್ಡಮ್ಮ ತಲೆಯೆತ್ತದೆಯೇ, “ಅದಕ್ಕೆ ಕಥೆ ಯಾಕೆ ಮಗಾ? ಸುರ್ಯಕ್ಕೆ ಹೋದರೆ ಆಯಿತಲ್ಲ,” ಎಂದರು. ಮತ್ತೆ ಸ್ವಲ್ಪ ಹೊತ್ತು ಬಿಟ್ಟು, “ನನ್ನದೂ ಒಂದು ಬಾಕಿ ಉಂಟು,” ಎಂದು ಸೇರಿಸಿದರು.

ದೊಡ್ಡಮ್ಮನವರ ವಿಚಾರ ಒಂದೆರಡು ಮಾತು ಹೇಳದೆ ಮುಂದೆ ಹೋಗುವಂತಿಲ್ಲ. ಅವರಿಗೆ ಎಪ್ಪತ್ತು ದಾಟಿದೆ. ಊರಿನಲ್ಲಿ ಅಡಕೆ ತೋಟವೂ ದೊಡ್ಡ ಮನೆಯೂ ಇವೆ, ಇಬ್ಬರು ಗಂಡುಮಕ್ಕಳಿದ್ದಾರೆ. ದೊಡ್ಡಪ್ಪ ತೀರಿಕೊಂಡ ಮೇಲೆ ಪಾಲುಪಟ್ಟಿಯಾಯಿತು. ತೋಟ ಹಂಚಿಕೆಯಾದದ್ದು ಹೇಗೋ ಸರಿಹೋಯಿತು. ಮನೆ ಹಂಚಿಕೆಯಾಗುವಾಗ ಚಾವಡಿಯ ನಡುವೆ ಗೋಡೆ ಎದ್ದಿತು. ಆ ಗೋಡೆಯ ಆಚೆ ಒಬ್ಬ ಮಗ, ಈಚೆ ಒಬ್ಬ ಮಗ. ಒಂಬತ್ತು ವರ್ಷಗಳಿಂದ ಇಬ್ಬರಿಗೂ ಮಾತಿಲ್ಲ. ಯಾವ ಕಡೆ ಊಟಕ್ಕೆ ಕುಳಿತರೂ ಇನ್ನೊಂದು ಕಡೆಯ ಒಗ್ಗರಣೆಯ ಸದ್ದು ಕೇಳುತ್ತದೆಂಬ ಕಾರಣಕ್ಕೋ ಏನೋ, ದೊಡ್ಡಮ್ಮ ನಮ್ಮ ಮುಂಬಯಿಯ ಎರಡು ಕೋಣೆಗಳ ಮನೆಗೆ ಬಂದು ನಿಂತರು. ಇದೆಲ್ಲ ನಮಗೆ ಬೇರೆಯವರ ಬಾಯಿಂದ ತಿಳಿದದ್ದು. ಅವರಾಗಿ ಒಂದು ದಿನವೂ ಈ ಮಾತನ್ನು ಎತ್ತಿದವರಲ್ಲ. ನಾವಾಗಿ ಕೇಳಿದವರೂ ಅಲ್ಲ.

ಮೇ ತಿಂಗಳ ಕೊನೆಯ ವಾರದಲ್ಲಿ ಹೊರಟೆವು. ಮುಂಬಯಿಯ ಕರಾವಳಿ ಕನ್ನಡಿಗರಿಗೆ ಊರು ಎಂಬುದು ಒಂದು ಕಾಲದಲ್ಲಿ ಹಗಲು ರಾತ್ರಿ ಘಟ್ಟ ಹತ್ತಿ ಇಳಿಯುವ ಬಸ್ಸಿನ ಪ್ರಯಾಣವಾಗಿತ್ತು. 1998ರಲ್ಲಿ ಕೊಂಕಣ ರೈಲುಮಾರ್ಗ ಪೂರ್ಣವಾಗಿ ತೆರೆದ ಮೇಲೆ ಆ ಕಷ್ಟ ಹಗುರವಾಯಿತು. ಕುರ್ಲಾದಲ್ಲಿ ಮಧ್ಯಾಹ್ನ ಮತ್ಸ್ಯಗಂಧಾ ಗಾಡಿ ಹತ್ತಿದರೆ ಮರುದಿನ ಬೆಳಿಗ್ಗೆ ಮಂಗಳೂರು. ಸುರಂಗದಿಂದ ಸುರಂಗಕ್ಕೆ ಹಾಯುವ ಆ ದಾರಿಯ ಸೊಬಗನ್ನು ಈಗಾಗಲೇ ಹಲವರು ಬಣ್ಣಿಸಿರುವುದರಿಂದ ನಾವು ಅದನ್ನು ಬಿಡುತ್ತೇವೆ. ಮಂಗಳೂರಿನಿಂದ ಬಿ.ಸಿ. ರೋಡು, ಗುರುವಾಯನಕೆರೆ, ಬೆಳ್ತಂಗಡಿಗಳನ್ನು ಹಾದು ಉಜಿರೆಗೆ ಸುಮಾರು 65 ಕಿಲೋಮೀಟರು. ಧರ್ಮಸ್ಥಳಕ್ಕೆ ಹೋಗುವ ಯಾತ್ರಿಕರೆಲ್ಲ ಉಜಿರೆಯನ್ನು ಬಲ್ಲರು; ಅಲ್ಲಿಂದ ಒಂಬತ್ತು ಕಿಲೋಮೀಟರು ಮುಂದೆ ಹೋದರೆ ಮಂಜುನಾಥ ಸ್ವಾಮಿಯ ಸನ್ನಿಧಿ. ಸುರ್ಯಕ್ಕೆ ಹೋಗುವವರು ಉಜಿರೆಯಿಂದ ಬೇರೆ ದಾರಿ ಹಿಡಿದು ಕೆಲವೇ ಕಿಲೋಮೀಟರು ಒಳಗೆ ಸಾಗಬೇಕು.

ಈ ಗ್ರಾಮದ ಹೆಸರು ನಡ. ಬೆಳ್ತಂಗಡಿಯ ಸೀಮೆಯಲ್ಲಿ ಎಲ್ಲಿ ನಿಂತರೂ ಕಣ್ಣಿಗೆ ಬೀಳುವ ಗಡಾಯಿಕಲ್ಲು ಇದೇ ಗ್ರಾಮದಲ್ಲಿದೆ. ಒಂದೇ ಕಲ್ಲಿನ ಆ ಬೆಟ್ಟದ ಮೇಲೆ ಟಿಪ್ಪು ಸುಲ್ತಾನನು 1794ರಲ್ಲಿ ಜಮಾಲಾಬಾದ್ ಕೋಟೆಯನ್ನು ಕಟ್ಟಿಸಿದನು. ಅಷ್ಟು ದೊಡ್ಡ ಕಲ್ಲಿನ ನೆರಳಿನ ಗ್ರಾಮದಲ್ಲಿ, ಅಂಗೈಯಗಲದ ಮಣ್ಣಿನ ಗೊಂಬೆಗಳ ಕ್ಷೇತ್ರವಿರುವುದು ವಿನೋದವೇ ಸರಿ. ಕೋಟೆಯನ್ನು ಏರಿ ನೋಡುವವರು ಕೆಲವರು; ಗೊಂಬೆಗಳನ್ನು ಹೊತ್ತು ಬರುವವರು ಹಲವರು.

ಸುರ್ಯದ ದೇವರು ಸದಾಶಿವರುದ್ರ. ಕ್ಷೇತ್ರಕ್ಕೆ ಈ ಹೆಸರು ಬಂದ ಕಥೆಯನ್ನು ಅಲ್ಲಿಯವರು ಹೀಗೆ ಹೇಳುತ್ತಾರೆ: ಹಿಂದೆ ಒಬ್ಬ ಹೆಂಗಸು ಮಗನೊಡನೆ ಕಾಡಿಗೆ ಸೊಪ್ಪು ತರಲು ಹೋಗಿದ್ದಳು. ಅವಳ ಕತ್ತಿ ಒಂದು ಕಲ್ಲಿಗೆ ತಾಗಿತು. ಕಲ್ಲಿನಿಂದ ನೆತ್ತರು ಹರಿಯಿತು. ಗಾಬರಿಗೊಂಡ ತಾಯಿ “ಓ ಸುರಿಯಾ!” ಎಂದು ಮಗನ ಹೆಸರು ಹಿಡಿದು ಕೂಗಿದಳು. ಆ ಕೂಗೇ ಜಾಗದ ಹೆಸರಾಯಿತು. ಕ್ಷೇತ್ರಗಳ ಹೆಸರಿಗೆ ಸಾಮಾನ್ಯವಾಗಿ ದೇವರೋ ಋಷಿಯೋ ಅರಸನೋ ಕಾರಣನಾಗಿರುತ್ತಾನೆ. ಇಲ್ಲಿ ಸೊಪ್ಪು ಕೊಯ್ಯುವ ತಾಯಿಯ ಕೂಗು ಕಾರಣವಾಗಿದೆ. ಕಥೆ ಕೇಳಿದ ದೊಡ್ಡಮ್ಮ, “ಹೆದರಿದಾಗ ಮಕ್ಕಳ ಹೆಸರೇ ಬಾಯಿಗೆ ಬರುವುದು,” ಎಂದರು.

ಇನ್ನು ಹರಕೆಯ ವಿಚಾರ. ಸುರ್ಯದಲ್ಲಿ ದೇವರಿಗೆ ಒಪ್ಪಿಸುವುದು ಬೆಳ್ಳಿಯನ್ನಲ್ಲ, ಬಂಗಾರವನ್ನಲ್ಲ. ಸುಟ್ಟ ಮಣ್ಣಿನ ಗೊಂಬೆಯನ್ನು. ಮಗು ಬೇಕೆಂದವರು ಮಗುವಿನ ಗೊಂಬೆ ಅಥವಾ ತೊಟ್ಟಿಲು, ಮನೆ ಕಟ್ಟಿಸಬೇಕೆಂದವರು ಮನೆ, ಕಾಲುನೋವಿನವರು ಕಾಲು, ಕಣ್ಣಿನ ತೊಂದರೆಯವರು ಕಣ್ಣು, ಹಟ್ಟಿಯ ದನಕ್ಕೆ ರೋಗ ಬಂದವರು ದನ, ವಾಹನ ಕೊಳ್ಳಬೇಕೆಂದವರು ಪುಟ್ಟ ಮೋಟಾರು. ಹೇಳಿಕೊಂಡದ್ದು ಕೈಗೂಡಿದ ಮೇಲೆ ಒಪ್ಪಿಸುವವರುಂಟು. ಕೈಗೂಡಲೆಂದು ಮೊದಲೇ ಒಪ್ಪಿಸುವವರೂ ಉಂಟು. ಗೊಂಬೆಯನ್ನು ದೇವರೆದುರು ಇಟ್ಟು ಪ್ರಾರ್ಥಿಸಿ, ಆಮೇಲೆ ದೇವಸ್ಥಾನಕ್ಕೆ ಸಮೀಪದಲ್ಲಿಯೇ ಇರುವ ಬನಕ್ಕೆ ಒಯ್ದು ಮರಗಳ ಕೆಳಗೆ ಇಟ್ಟು ಬರಬೇಕು.

ಗೊಂಬೆ ಎಂದೊಡನೆ ವಾಚಕರು ಚನ್ನಪಟ್ಟಣದ ಬಣ್ಣದ ಗೊಂಬೆಗಳನ್ನೋ ಕಿನ್ನಾಳದ ಚೆಲುವನ್ನೋ ನೆನೆಯಬಾರದು. ನಾವು ಕಂಡ ಗೊಂಬೆಗಳಿಗೆ ಬಣ್ಣವಿಲ್ಲ. ಮನುಷ್ಯರೂಪಗಳಿಗೆ ಮುಖವೂ ಅಷ್ಟಕ್ಕಷ್ಟೆ. ಮೂಗಿನ ಜಾಗದಲ್ಲಿ ಒಂದು ಚಿವುಟು, ಕಣ್ಣಿಗೆ ಎರಡು ಚುಕ್ಕಿ. ಮೊದಲು ನೋಡಿದಾಗ ನಮ್ಮ ಮಗಳಿಗೆ ಸ್ವಲ್ಪ ನಿರಾಶೆಯೇ ಆಯಿತು. ಆದರೆ ನೋಡುತ್ತ ನೋಡುತ್ತ ಒಂದು ಸಂಗತಿ ಹೊಳೆಯಿತು. ಮುಖವನ್ನು ತಿದ್ದಿ ತೀಡಿದ್ದರೆ ಆ ಮಗು ಯಾರೋ ಒಬ್ಬರ ಮಗುವಾಗಿಬಿಡುತ್ತಿತ್ತು. ಮುಖ ಸ್ಫುಟವಾಗಿಲ್ಲದ್ದರಿಂದ ಯಾವ ತಾಯಿ ಎತ್ತಿಕೊಂಡರೂ ಅದು ಅವಳದೇ.

ಕರಾವಳಿಯಲ್ಲಿ ಮಣ್ಣಿನ ಕೆಲಸ ಮಾಡುವವರು ಕುಲಾಲರು, ಮೂಲ್ಯರೆಂದೂ ಕರೆಯುತ್ತಾರೆ. ಈ ಜಿಲ್ಲೆಯ ಮಣ್ಣು ಹೊರನಾಡಿನವರಿಗೆ ಹೊಸದಲ್ಲ. 1865ರಲ್ಲಿ ಬಾಸೆಲ್ ಮಿಶನ್ನಿನವರು ಮಂಗಳೂರಿನ ಜೆಪ್ಪುವಿನಲ್ಲಿ ಹೆಂಚಿನ ಕಾರ್ಖಾನೆ ತೆರೆದ ಮೇಲೆ ಈ ಜೇಡಿ ಹಡಗು ಹತ್ತಿ ಎಲ್ಲೆಲ್ಲಿಗೋ ಹೋಯಿತು. ಮುಂಬಯಿಯ ಹಳೆಯ ಮನೆಗಳ ಮಾಡಿನ ಮೇಲೆ ಇಂದಿಗೂ ಮಂಗಳೂರು ಹೆಂಚನ್ನು ಕಾಣಬಹುದು. ಕಾರ್ಖಾನೆಗೆ ಅಷ್ಟು ಕೊಟ್ಟ ನೆಲ ಕುಂಬಾರನ ಮನೆಯನ್ನು ಅಷ್ಟಾಗಿ ಕಾಯಲಿಲ್ಲ. ಅಲ್ಯೂಮಿನಿಯಮ್ಮು ಬಂತು, ಸ್ಟೀಲು ಬಂತು, ಅಡುಗೆಮನೆಯಿಂದ ಮಡಕೆ ಹೊರಟುಹೋಯಿತು. ಹರಕೆಯ ಗೊಂಬೆಯನ್ನು ಮಾತ್ರ ಸ್ಟೀಲಿನಲ್ಲಿ ಮಾಡಿಕೊಡೆಂದು ಯಾರೂ ಕೇಳಲಿಲ್ಲ.

ದಾರಿಯಲ್ಲಿ ಒಂದು ಮನೆಯ ಜಗಲಿಯ ಮೇಲೆ ಮಣ್ಣಿನ ಸಾಮಾನು ಒಣಗಲು ಹಾಕಿದ್ದುದನ್ನು ಕಂಡು ಇಳಿದೆವು. ಮನೆಯ ಯಜಮಾನರು ವಯಸ್ಸಾದವರು. ಬೆಲ್ಲ ನೀರು ಕೊಟ್ಟು ಉಪಚರಿಸಿದರು. ಇಂಥ ಗೊಂಬೆ ಮಾಡುವುದರಲ್ಲಿ ಯಾವುದು ಕಷ್ಟ ಎಂದು ಕೇಳಿದೆವು. “ಕೈಕಾಲು ಎಲ್ಲ ಸುಲಭ. ತೊಟ್ಟಿಲು ಕಷ್ಟ. ದಪ್ಪ ಒಂದು ಕಡೆ, ತೆಳು ಒಂದು ಕಡೆ ಆದರೆ ಒಣಗುವಾಗಲೇ ಬಿರಿಯುತ್ತದೆ ಮಾರಾಯ್ರೆ,” ಎಂದರು. ಮಣ್ಣನ್ನು ನೆನೆಹಾಕಿ, ಕಲ್ಲು ಕಡ್ಡಿ ಆರಿಸಿ, ತುಳಿದು, ನಾದಿ ಹದಕ್ಕೆ ತರಬೇಕು. ರೂಪ ಕೊಟ್ಟ ಮೇಲೆ ಒಡನೆ ಬಿಸಿಲಿಗೆ ಇಡಬಾರದು, ನೆರಳಿನಲ್ಲಿ ಆರಬೇಕು. ಒಳಗೆ ಹಸಿ ಉಳಿದ ಗೊಂಬೆಯನ್ನು ಬೆಂಕಿಗಿಟ್ಟರೆ ನೀರು ಆವಿಯಾಗಿ ನುಗ್ಗಿ ಗೊಂಬೆಯನ್ನೇ ಸಿಡಿಸುತ್ತದೆ. “ಒಂದು ಸಿಡಿದರೆ ಪಕ್ಕದ್ದೂ ಹೋಯಿತು,” ಎಂದರು ಯಜಮಾನರು.

ಸುಡುವುದರಲ್ಲಿ ಒಂದು ಸ್ವಾರಸ್ಯವಿದೆ. ಒಣಗಿದ ಮಣ್ಣನ್ನು ನೀರಿಗೆ ಹಾಕಿದರೆ ಮತ್ತೆ ಕೆಸರಾಗುತ್ತದೆ. ಬೇಕೆಂದರೆ ಮತ್ತೊಂದು ರೂಪ ಮಾಡಬಹುದು. ಆದರೆ ಬೆಂಕಿ 500–600 ಡಿಗ್ರಿಗೆ ಏರಿತೆಂದರೆ ಮಣ್ಣಿನ ಕಣಗಳೊಳಗೆ ಬೆರೆತು ಕುಳಿತಿದ್ದ ನೀರೂ ಹೊರಟುಹೋಗುತ್ತದೆ. ಆಮೇಲೆ ಅದು ಎಷ್ಟು ನೆನೆದರೂ ಕೆಸರಾಗದು. ಒಡೆಯಬಹುದು, ಪುಡಿಯಾಗಬಹುದು, ಕರಗುವುದಿಲ್ಲ. ಗಾಳಿ ಚೆನ್ನಾಗಿ ಆಡಿದರೆ ಮಣ್ಣಿನೊಳಗಿನ ಕಬ್ಬಿಣದ ಅಂಶ ಕೆಂಪಾಗುತ್ತದೆ. ಹೊಗೆ ಮುಚ್ಚಿಕೊಂಡರೆ ಕಪ್ಪಾಗುತ್ತದೆ. ಇಷ್ಟೇ ಈ ವಿದ್ಯೆಯ ಯಂತ್ರಸಾಮಗ್ರಿ: ಕೆರೆಯ ಮಣ್ಣು, ಎರಡು ಕೈ, ಒಂದು ಒಲೆ.

ಉಳಿದರ್ಧ ಕೆಲಸ ಕುಂಬಾರನದಲ್ಲ, ಹರಕೆ ಹೊತ್ತವರದು. ಅದನ್ನು ನಾವು ದೇವಸ್ಥಾನದಲ್ಲಿ ಕಂಡೆವು.

ಗೊಂಬೆಗಳನ್ನು ಕೊಡುವಲ್ಲಿ ಸಾಲು ನಿಂತಿತ್ತು. ನಮ್ಮ ಮುಂದಿದ್ದ ಯುವಕನೊಬ್ಬ ಮನೆಯ ಗೊಂಬೆ ಕೇಳಿ ಪಡೆದು, ಗೋಡೆ ನೆಟ್ಟಗಿದೆಯೇ ಎಂದು ತಿರುಗಿಸಿ ತಿರುಗಿಸಿ ನೋಡಿದನು. ಒಬ್ಬ ತಾಯಿ ಮಗುವಿನ ಗೊಂಬೆಯನ್ನು ಸೆರಗಿನಲ್ಲಿ ಸುತ್ತಿಕೊಂಡು ಹೋದಳು. ದೊಡ್ಡಮ್ಮನ ಸರದಿ ಬಂತು. ಒಳಗೆ ಕುಳಿತಿದ್ದ ಹುಡುಗ, “ಯಾವುದು ಅಮ್ಮ?” ಎಂದನು. ದೊಡ್ಡಮ್ಮ ಸುಮ್ಮನೆ ನಿಂತರು. ಕಾಲು, ಕೈ, ಕಣ್ಣು, ದನ, ತೊಟ್ಟಿಲು, ಎಲ್ಲದರ ಮೇಲೂ ದೃಷ್ಟಿ ಹಾಯಿಸಿದರು. ಹಿಂದಿನವರು ಸ್ವಲ್ಪ ಚಡಪಡಿಸಿದರು. ಹುಡುಗ ಅವಸರ ಮಾಡದೆ ಮತ್ತೆ ಕೇಳಿದನು: “ಎಂತದಕ್ಕೆ ಹೇಳಿಕೊಂಡದ್ದು?”

“ನನ್ನ ಮಕ್ಕಳಿಬ್ಬರು ಮಾತಾಡುವುದಿಲ್ಲ,” ಎಂದರು ದೊಡ್ಡಮ್ಮ.

ಒಂಬತ್ತು ವರ್ಷಗಳಲ್ಲಿ ನಾವು ಈ ಮಾತನ್ನು ಅವರ ಬಾಯಿಂದ ಕೇಳಿದ್ದು ಅದೇ ಮೊದಲು. ಹುಡುಗನು ಅವರಿಗೆ ಮಾತು ಬಾರದೆಂದು ತಿಳಿದನೋ ಏನೋ, “ಸಣ್ಣ ಮಕ್ಕಳಾ?” ಎಂದು ಕೇಳಿದನು. “ದೊಡ್ಡವರೇ. ಅವರವರೊಳಗೆ ಮಾತಿಲ್ಲ,” ಎಂದರು. ಹುಡುಗನ ಮುಖದಲ್ಲಿ ಆಶ್ಚರ್ಯವಾಗಲಿ ಕನಿಕರವಾಗಲಿ ಕಾಣಲಿಲ್ಲ, ದಿನವೂ ಇಂಥದನ್ನು ಕೇಳುವವನಂತೆ, “ಮಾತಿಗೆ ಅಂತ ಬೇರೆ ಇಲ್ಲ ಅಮ್ಮ. ಮನೆ ಉಂಟು, ಜನ ಉಂಟು, ಮಕ್ಕಳು ಉಂಟು. ಮನೆ ಕೊಡಲಾ?” ಎಂದನು.

“ಮನೆ ಬೇಡ,” ಎಂದು ದೊಡ್ಡಮ್ಮ ಥಟ್ಟನೆ ಹೇಳಿದರು. “ಮನೆಯಿಂದಲೇ ಎಲ್ಲ ಆದದ್ದು.” ಆಮೇಲೆ ದೊಡ್ಡವರ ರೂಪದ ಗೊಂಬೆಗಳನ್ನು ಕೈಗೆತ್ತಿಕೊಂಡು ಮತ್ತೆ ಕೆಳಗಿಟ್ಟು, ಮಗುವಿನ ಗೊಂಬೆಗಳನ್ನು ತೋರಿಸಿದರು. “ಇದೇ ಎರಡು ಕೊಡು ಮಗಾ. ಸಣ್ಣದಿರುವಾಗ ಒಂದೇ ಚಾಪೆಯಲ್ಲಿ ಮಲಗುತ್ತಿದ್ದವು.”

ದೇವರೆದುರು ಪ್ರಾರ್ಥನೆಯಾಯಿತು. ಬನದ ಕಡೆ ನಡೆದೆವು. ಹೊರಗೆ ಸುಡುವ ಬಿಸಿಲಾದರೂ ಮರಗಳ ಕೆಳಗೆ ತಣ್ಣಗಿತ್ತು. ಅಲ್ಲಿನ ನೋಟವನ್ನು ಹೇಗೆ ಹೇಳುವುದೋ ತಿಳಿಯದು. ಗೊಂಬೆಗಳ ಮೇಲೆ ಗೊಂಬೆ, ಅದರ ಮೇಲೆ ಗೊಂಬೆ. ಮೇಲಿನವು ಕೆಂಪು, ಅವುಗಳ ಕೆಳಗಿನವು ಮಾಸಲು, ಇನ್ನೂ ಕೆಳಗಿನವು ಪಾಚಿ ಹಿಡಿದು ಹಸಿರು. ಮನೆಯ ಮಾಡಿನ ಮೇಲೆ ಒಣಗಿದ ಎಲೆ ಬಿದ್ದಿದೆ. ತೊಟ್ಟಿಲಿನೊಳಗೆ ಇರುವೆ ಗೂಡು ಮಾಡಿದೆ. ಒಂದು ಕೈ, ಐದು ಬೆರಳನ್ನೂ ಬಿಡಿಸಿಕೊಂಡು ಆಕಾಶ ನೋಡುತ್ತಿದೆ. ಯಾವುದು ಯಾರದೆಂದು ಬರೆದಿಲ್ಲ. ಲಕ್ಷಾಧೀಶನ ಮಗುವೂ ಕೂಲಿಯವನ ಮಗುವೂ ಒಂದರ ಮೇಲೊಂದು ಕಾಲು ಹಾಕಿಕೊಂಡು ಮಲಗಿವೆ. ದೊಡ್ಡಮ್ಮ ಒಂದು ಮರದ ಬುಡದಲ್ಲಿ ಕುಳಿತು, ಅಂಗೈಯಿಂದ ಎಲೆಗಳನ್ನು ಸರಿಸಿ ನೆಲವನ್ನು ಸಮ ಮಾಡಿ, ಎರಡು ಗೊಂಬೆಗಳನ್ನು ಒಂದಕ್ಕೊಂದು ಒರಗಿಸಿ ಇಟ್ಟರು. ಒಂದು ಜಾರಿತು. ಮತ್ತೆ ಎತ್ತಿ ಒರಗಿಸಿದರು. ನಾವು ನೆರವಿಗೆ ಬಾಗಿದಾಗ ಕೈಯಾಡಿಸಿ ಬೇಡವೆಂದರು.

ನಮ್ಮ ಮಗಳು ಪಾಚಿ ಹಿಡಿದ ಪುಟ್ಟ ಮೋಟಾರೊಂದನ್ನು ಎತ್ತಿ ನೋಡಿ, “ಇದನ್ನು ನೆನಪಿಗೆ ಒಯ್ಯಬಹುದೇ?” ಎಂದಳು. ದೊಡ್ಡಮ್ಮ, “ಇಡು ಮಗಾ, ಅದು ಯಾರೋ ಇಳಿಸಿಟ್ಟ ಹೊರೆ, ನೀನು ಯಾಕೆ ಹೊರುತ್ತೀ?” ಎಂದರು. ಅವಳು ಇದ್ದ ಜಾಗದಲ್ಲೇ ಇಟ್ಟಳು.

ಉಜಿರೆಗೆ ಮರಳುವ ದಾರಿಯಲ್ಲಿ ನಮ್ಮ ನಮ್ಮೊಳಗೆ ಇದೇ ಮಾತು. ಇಂಥ ಪದ್ಧತಿ ಸುರ್ಯಕ್ಕೆ ಮಾತ್ರ ಸೇರಿದ್ದಲ್ಲ. ನಮ್ಮ ಮುಂಬಯಿಯಲ್ಲೇ ಬಾಂದ್ರಾದ ಗುಡ್ಡದ ಮೇಲೆ ಮೌಂಟ್ ಮೇರಿ ಇಗರ್ಜಿಯಿದೆ. ಈಗಿನ ಕಟ್ಟಡ 1904ರದು. ಸೆಪ್ಟೆಂಬರ್ 8ರ ಅನಂತರದ ಭಾನುವಾರದಿಂದ ಒಂದು ವಾರ ನಡೆಯುವ ಜಾತ್ರೆಗೆ ಎಲ್ಲ ಮತದವರೂ ಹೋಗುತ್ತಾರೆ. ಬದಿಯ ಅಂಗಡಿಗಳಲ್ಲಿ ಮೇಣದಿಂದ ಮಾಡಿದ ಕೈ, ಕಾಲು, ಮಗು, ಮನೆಗಳನ್ನು ಮಾರುತ್ತಾರೆ; ಕೊಂಡು ಮಾತೆಗೆ ಒಪ್ಪಿಸುತ್ತಾರೆ. ಸುರ್ಯದ ಮಣ್ಣು, ಬಾಂದ್ರಾದ ಮೇಣ. ಒಳಗಿನ ಮಾತು ಒಂದೇ. ಮದರಾಸಿನ ಕಡೆಯ ನಮ್ಮ ಬಂಧುಗಳು ತಮಿಳುನಾಡಿನ ಹಳ್ಳಿಗಳಲ್ಲಿ ಅಯ್ಯನಾರ್ ದೇವರಿಗೆ ಒಪ್ಪಿಸುವ ಮಣ್ಣಿನ ಕುದುರೆಗಳನ್ನು ಕಂಡಿರಬಹುದು. ವೇಳಾರ್ ಎಂಬ ಕುಂಬಾರರು ಮಾಡುವ ಆ ಕುದುರೆಗಳು ಕೆಲವು ಆಳೆತ್ತರವನ್ನೂ ಮೀರುತ್ತವೆ. ಊರಿಗೆ ಊರೇ ಸೇರಿ ಮೆರವಣಿಗೆಯಲ್ಲಿ ಹೊತ್ತು ತರುತ್ತದೆ. ಗುಜರಾತಿನ ಆದಿವಾಸಿಗಳ ಹರಕೆಯ ಮಣ್ಣುಗೊಂಬೆಗಳ ಕುರಿತು ಕಲಾವಿದ ಹಕು ಶಾ ಅವರು ಒಂದು ಗ್ರಂಥವನ್ನೇ ಬರೆದು 1985ರಲ್ಲಿ ಪ್ರಕಟಿಸಿದ್ದಾರೆ. ದೂರದ ಗ್ರೀಸ್ ದೇಶದ ಕೊರಿಂತ್ ಪಟ್ಟಣದಲ್ಲಿ, ವೈದ್ಯದೇವತೆಯಾದ ಅಸ್ಕ್ಲೇಪಿಯಸನ ಗುಡಿಯ ಜಾಗವನ್ನು ಅಗೆದಾಗ ಸುಟ್ಟ ಮಣ್ಣಿನ ಕೈ ಕಾಲು ಕಿವಿಗಳು ರಾಶಿಯಾಗಿ ಸಿಕ್ಕಿದವು. ಅವು ಎರಡು ಸಾವಿರ ವರ್ಷಗಳಿಗೂ ಹಿಂದಿನವು. ಒಪ್ಪಿಸಿದವರು ಹೋದರು, ಆ ದೇವರ ಪೂಜೆಯೂ ನಿಂತಿತು. ಕಿವಿನೋವು ಮಾತ್ರ ಮಣ್ಣಾಗಿ ಉಳಿದಿದೆ.

ನಮ್ಮ ನಾಡಿನಲ್ಲಿ ದುಃಖವನ್ನು ಕಲ್ಲಾಗಿಸಿದ ಉದಾಹರಣೆಯೂ ಉಂಟು. ಮಂಡ್ಯ ಸೀಮೆಯ ಆತಕೂರಿನಲ್ಲಿ ಕ್ರಿ.ಶ. 949ರ ಸುಮಾರಿಗೆ ಮಣಲೇರನೆಂಬ ವೀರನು, ಅರಸನಿಂದ ಮೆಚ್ಚಾಗಿ ಪಡೆದ ಕಾಳಿ ಎಂಬ ನಾಯಿ ಹಂದಿಯೊಡನೆ ಹೋರಾಡಿ ಸತ್ತಾಗ, ಅದರ ಹೆಸರಿನಲ್ಲಿ ಕಲ್ಲು ನಿಲ್ಲಿಸಿದನು. ಆ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಆದರೆ ಕಲ್ಲು ನಿಲ್ಲಿಸಲು ಶಿಲ್ಪಿ ಬೇಕು, ಅಕ್ಷರ ಬಲ್ಲವನು ಬೇಕು, ಕೈಯಲ್ಲಿ ಸ್ಥಿತಿಗತಿ ಬೇಕು. ಹೆಸರೂ ಶಾಸನವೂ ಮಣಲೇರನಂಥವರಿಗೆ. ಮಣ್ಣಿನ ಗೊಂಬೆ ಯಾರಿಗೂ ದುಬಾರಿಯಲ್ಲ. ಆದ್ದರಿಂದ ಅದು ಎಲ್ಲರ ವೀರಗಲ್ಲು.

ಇನ್ನೊಂದು ಸಂಗತಿ ನಮಗೆ ಮುಖ್ಯವಾಗಿ ಕಂಡಿತು. ಮನಸ್ಸಿನೊಳಗಿನ ಸಂಕಟಕ್ಕೆ ಅಂಚಿಲ್ಲ. ಅದು ಹಗಲು ಒಂದು ರೂಪ, ರಾತ್ರಿ ಒಂದು ರೂಪ ತಾಳುತ್ತದೆ. ಕೇಳಿದರೆ ಏನೂ ಇಲ್ಲ ಎನ್ನುತ್ತೇವೆ. ಗೊಂಬೆ ಕೇಳಲು ನಿಂತವರು ಏನೂ ಇಲ್ಲ ಎನ್ನುವಂತಿಲ್ಲ. ಕಾಲೋ, ಕಣ್ಣೋ, ಮನೆಯೋ, ಮಗುವೋ ಎಂದು ಆರಿಸಬೇಕು. ಆರಿಸಬೇಕಾದರೆ ತಮಗೆ ಬೇಕಾದದ್ದು ಏನೆಂದು ತಾವೇ ತಿಳಿಯಬೇಕು; ತಿಳಿದದ್ದನ್ನು ಗುರುತಿಲ್ಲದ ಹುಡುಗನ ಎದುರು ಬಾಯಿಬಿಟ್ಟು ಹೇಳಬೇಕು. ದೊಡ್ಡಮ್ಮ ಮನೆಯನ್ನು ಬೇಡವೆಂದ ಕ್ಷಣದಲ್ಲಿ ಅವರ ಒಂಬತ್ತು ವರ್ಷಗಳ ವ್ಯಥೆಗೆ ಅಂಚು ಮೂಡಿತು. ಅವರಿಗೆ ಬೇಕಾದದ್ದು ಪಾಲು ತಿದ್ದುವುದಲ್ಲ, ಗೋಡೆ ಕೆಡವುವುದೂ ಅಲ್ಲ. ಒಂದು ಚಾಪೆ, ಎರಡು ಮಕ್ಕಳು. ನಾವು ಇಷ್ಟು ವರ್ಷ ಗೋಡೆಯದೇ ಚಿಂತೆಯೆಂದು ತಿಳಿದಿದ್ದೆವು.

ಉಜಿರೆಯ ಹೋಟೆಲಿನಲ್ಲಿ ಊಟ ಮುಗಿಸಿ ಎಲೆಯಡಿಕೆ ಹಾಕಿಕೊಳ್ಳುವಾಗ ದೊಡ್ಡಮ್ಮ, “ದೊಡ್ಡವನಿಗೆ ಫೋನು ಮಾಡಿ ಕೊಡಿ,” ಎಂದರು. ಮಾಡಿಕೊಟ್ಟೆವು. ಅವರು ಪೀಠಿಕೆಯಿಲ್ಲದೆ ಹೇಳಿದರು: “ಸುರ್ಯಕ್ಕೆ ಬಂದಿದ್ದೆ. ನಿಮ್ಮಿಬ್ಬರದೂ ಎರಡು ಗೊಂಬೆ ಬನದಲ್ಲಿ ಇಟ್ಟು ಬಂದೆ.” ಆ ಕಡೆ ಬಹಳ ಹೊತ್ತು ಸದ್ದಿಲ್ಲ. ಆಮೇಲೆ, “ಮಳೆಗಾಲ ಬಂತಲ್ಲ ಅಮ್ಮ, ಒದ್ದೆಯಾಗುವುದಿಲ್ಲವಾ?” ಎಂದು ಕೇಳಿದ್ದು ನಮಗೂ ಕೇಳಿಸಿತು. “ಸುಟ್ಟ ಮಣ್ಣು ಮಗಾ, ಒದ್ದೆಯಾದರೂ ಕರಗುವುದಿಲ್ಲ,” ಎಂದರು ದೊಡ್ಡಮ್ಮ. ಕಿರಿಯ ಮಗನಿಗೂ ಫೋನು ಮಾಡಿಸಿ ಅದೇ ಮಾತು ಹೇಳಿದರು. ಅವನು ಕೇಳಿದ್ದು ಬೇರೆ: “ಎರಡನ್ನೂ ಒಟ್ಟಿಗೇ ಇಟ್ಟಿದ್ದೀಯಾ?” “ಒಟ್ಟಿಗೇ,” ಎಂದರು. ಅಷ್ಟೇ.

ಇದನ್ನು ಬರೆಯುವ ಹೊತ್ತಿಗೆ ಚಾವಡಿಯ ಗೋಡೆ ಇದ್ದಲ್ಲೇ ಇದೆ. ಪವಾಡ ನಡೆಯಿತೆಂದು ಹೇಳುವುದಕ್ಕಾಗಿ ನಾವು ಲೇಖನಿ ಹಿಡಿದಿಲ್ಲ. ಆದರೆ ಮಳೆಗಾಲ ಕಳೆದ ಮೇಲೆ ಹಿರಿಯ ಮಗ ಒಂದು ದಿನ ಫೋನು ಮಾಡಿ, ಸುರ್ಯದ ಕಡೆ ಹೋಗಿದ್ದೆ, ಬನದಲ್ಲಿ ಹುಡುಕಿದೆ, ಯಾವುದೆಂದು ಗುರುತು ಸಿಗಲಿಲ್ಲ ಎಂದು ತಾಯಿಗೆ ತಿಳಿಸಿದನು. ದೊಡ್ಡಮ್ಮ ನಕ್ಕು, “ನಿನಗೆ ಒಬ್ಬನಿಗೇ ಸಿಗುವುದಿಲ್ಲ. ತಮ್ಮನನ್ನು ಕರೆದುಕೊಂಡು ಹೋಗು,” ಎಂದರು. ಹೋದರೋ ಇಲ್ಲವೋ ನಮಗೆ ತಿಳಿಯದು. ದೊಡ್ಡಮ್ಮ ಮಾತ್ರ ಈಗ ಅಕ್ಕಿ ಆರಿಸುತ್ತ ಮಕ್ಕಳ ಬಾಲ್ಯದ ಕಥೆಗಳನ್ನು ನಮ್ಮ ಮಗಳಿಗೆ ಹೇಳುತ್ತಾರೆ, ಮೊದಲು ಹೇಳುತ್ತಿರಲಿಲ್ಲ.

ಹೋಗಬೇಕೆನ್ನುವ ಬಂಧುಗಳಿಗೆ ಎರಡು ಮಾತು. ಧರ್ಮಸ್ಥಳದ ಯಾತ್ರೆಯೊಡನೆ ಸುರ್ಯವನ್ನು ಸೇರಿಸಿಕೊಳ್ಳಬಹುದು; ಉಜಿರೆಯಲ್ಲಿ ಊಟ ವಸತಿಗೆ ಅನುಕೂಲವಿದೆ, ಅಲ್ಲಿಂದ ಬಾಡಿಗೆ ವಾಹನ ಸಿಗುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಳೆ ಬಿರುಸು. ವರ್ಷಕ್ಕೆ ಸುಮಾರು 4,000 ಮಿಲಿಮೀಟರು ಸುರಿಯುವ ಜಿಲ್ಲೆ ಇದು. ನೆನೆಯಲು ಹಿಂಜರಿಯದವರಿಗೆ ಆಗ ಬನದ ಹಸಿರು ನೋಡಲು ಸೊಗಸು. ಬನದ ಗೊಂಬೆಗಳನ್ನು ಮಕ್ಕಳು ಎತ್ತಿ ತರದಂತೆ ನೋಡಿಕೊಳ್ಳಬೇಕು. ಹರಕೆಯಿಲ್ಲದವರೂ ಹೋಗಬಹುದು, ತಡೆಯಿಲ್ಲ. ಆದರೆ ಗೊಂಬೆ ಕೊಡುವ ಹುಡುಗ “ಯಾವುದು?” ಎಂದು ಕೇಳಿದಾಗ ಏನು ಹೇಳಬೇಕೆಂಬುದನ್ನು ರೈಲಿನಲ್ಲಿಯೇ ಯೋಚಿಸಿಕೊಂಡು ಹೋಗುವುದು ಒಳ್ಳೆಯದು. ಹಿಂದೆ ಸಾಲಿನಲ್ಲಿ ನಿಂತವರಿಗೂ ಅವರವರದು ಇರುತ್ತದೆ.